ಹಗಲುವೇಷ: ಪುಷ್ಪಮಾಲಾ ಅವರ ಚಿತ್ರಾಭಿನಯವನ್ನು ಕುರಿತ ವಿಚಾರ

ಕನ್ನಡದಲ್ಲಿ ‘ವೇಷ’ವೆಂಬ ಶಬ್ದಕ್ಕೆ ಎರಡು ನಡೆಗಳುಂಟು. ಯಕ್ಷಗಾನದ ಚೌಕಿಯಲ್ಲಿ ವೇಷ ಕಟ್ಟುವುದು ಗೌರವದ ಕೆಲಸ. ಅಲ್ಲಿ ವೇಷಧಾರಿಯೆಂದರೆ ಕಲಾವಿದನೆಂದು ಅರ್ಥ. ಅದೇ ಶಬ್ದವು ಊರಿನ ಜಗಲಿಗೆ ಬಂದೊಡನೆ ಅದರ ಮುಖವು ಬೇರೆಯಾಗುವುದು: ‘ಅವನದೆಲ್ಲ ವೇಷ’ ಎಂದರೆ ಮೋಸವೆಂದೇ ತಾತ್ಪರ್ಯ. ಈ ಎರಡರ ನಡುವೆ ಮೂರನೆಯದೊಂದು ಪ್ರಯೋಗವೂ ಇರುವುದನ್ನು ಜಾನಪದದ ಅಭ್ಯಾಸಿಗಳು ಬಲ್ಲರು. ಅದೇ ಹಗಲುವೇಷ. ರಂಗಸ್ಥಳವಿಲ್ಲ, ದೀವಟಿಗೆಯಿಲ್ಲ, ತೆರೆಯಿಲ್ಲ. ಹಾಡುಹಗಲಿನಲ್ಲಿ ಬೀದಿಯಲ್ಲಿಯೇ ವೇಷವು ಮನೆಯ ಬಾಗಿಲಿಗೆ ಬಂದು ನಿಲ್ಲುವುದು. ಬಿಸಿಲಿಗೆ ಬಣ್ಣವು ಕರಗುವುದು ಕಾಣುತ್ತದೆ. ಕಿರೀಟದ ಕಾಗದವು ಕಾಗದವೆಂದೇ ಕಾಣುತ್ತದೆ. ನೋಡುವವರಿಗೆ ಇವನೇ ರಾಮನೆಂಬ ಭ್ರಾಂತಿಯೂ ಇಲ್ಲ, ತಾವು ಮೋಸಹೋದೆವೆಂಬ ದೂರೂ ಇಲ್ಲ. ಹನ್ನೆರಡನೆಯ ಶತಮಾನದ ಶರಣರಲ್ಲಿ ಬಹುರೂಪಿ ಚೌಡಯ್ಯನು ಬಹುರೂಪವನ್ನೇ ಕಾಯಕವಾಗಿ ಕೈಕೊಂಡಿದ್ದನೆಂಬುದನ್ನು ನೆನೆದರೆ, ವೇಷ ತೊಡುವುದು ಆತ್ಮವಿಚಾರಕ್ಕೆ ವಿರುದ್ಧವಾದುದೆಂದು ಈ ನಾಡು ಎಲ್ಲ ಕಾಲದಲ್ಲಿಯೂ ತಿಳಿದಿರಲಿಲ್ಲವೆಂಬುದು ಸ್ಪಷ್ಟವಾಗುವುದು.

ಬೆಂಗಳೂರಿನಲ್ಲಿ ೧೯೫೬ರಲ್ಲಿ ಜನಿಸಿದ ಪುಷ್ಪಮಾಲಾ ಎನ್. ಅವರ ಛಾಯಾಚಿತ್ರಗಳನ್ನೂ ಕಿರುಚಿತ್ರಗಳನ್ನೂ ವಿಮರ್ಶಿಸುವಾಗ ಈ ಮೂರನೆಯ ಪ್ರಯೋಗವೇ ಹೆಚ್ಚು ನೆರವಿಗೆ ಬರುವಂತೆ ತೋರುತ್ತದೆ. ಇವರು ಬರೋಡದಲ್ಲಿ ಶಿಲ್ಪವಿದ್ಯೆಯನ್ನು ಕಲಿತವರು. ೧೯೮೦ರ ದಶಕದಲ್ಲಿ ಸುಟ್ಟ ಮಣ್ಣಿನ ವಿಗ್ರಹಗಳಿಂದ ಹೆಸರಾದರು. ೧೯೯೦ರ ದಶಕದ ನಡುವಿನಲ್ಲಿ ಮಣ್ಣನ್ನು ಬದಿಗಿರಿಸಿ ತಮ್ಮ ದೇಹವನ್ನೇ ವಿಗ್ರಹದ್ರವ್ಯವನ್ನಾಗಿ ಮಾಡಿಕೊಂಡರು. ಅಂದಿನಿಂದ ಇವರ ಕೃತಿಗಳಲ್ಲಿ ಬಹುಮಟ್ಟಿಗೆ ನಾಯಿಕೆಯೂ ಇವರೇ, ನಿರ್ದೇಶಕಿಯೂ ಇವರೇ. ಬರೋಡದ ಚಿತ್ರಕಾರ ಭೂಪೇನ್ ಖಖ್ಖರ್ ಅವರು ೧೯೭೨ರಲ್ಲಿ ತಮ್ಮ ಪ್ರದರ್ಶನದ ವಿವರಪತ್ರಿಕೆಗಾಗಿ ಜೇಮ್ಸ್ ಬಾಂಡನೇ ಮೊದಲಾದವರ ಭಂಗಿಗಳಲ್ಲಿ ನಿಂತು ಛಾಯಾಚಿತ್ರ ತೆಗೆಯಿಸಿಕೊಂಡಿದ್ದರು. ಆ ಹಾಸ್ಯದ ಮನೆತನಕ್ಕೆ ಪುಷ್ಪಮಾಲಾ ಅವರೂ ಸೇರಿದವರು. ಚಿತ್ರನಿರ್ಮಾಣಕ್ಕಾಗಿಯೂ ಇತರ ಕಾರ್ಯಗಳಿಗಾಗಿಯೂ ಇವರು ಹುಟ್ಟುಹಾಕಿದ ಕಲ್ಪಿತ ಸಂಸ್ಥೆಯ ಹೆಸರು ‘ಸೋಂಬೇರಿಕಟ್ಟೆ’. ಸಂಸ್ಥೆಗಳಿಗೆ ಸಂಸ್ಕೃತದ ಗಂಭೀರ ನಾಮಗಳನ್ನು ಹುಡುಕುವ ನಾಡಿನಲ್ಲಿ, ಅರಳಿಮರದ ಕೆಳಗೆ ಕೆಲಸವಿಲ್ಲದವರು ಕೂಡುವ ಕಟ್ಟೆಯ ಹೆಸರನ್ನು ಫಲಕಕ್ಕೆ ಏರಿಸಿದುದೇ ಒಂದು ವೇಷವೆನ್ನಬೇಕು.

ನಟನನ್ನು ಪ್ರೇಕ್ಷಕನು ಹೇಗೆ ಗ್ರಹಿಸುವನೆಂಬ ಪ್ರಶ್ನೆಯು ನಮ್ಮ ಕಾವ್ಯಮೀಮಾಂಸೆಯಲ್ಲಿ ಹಳೆಯದು. ಭರತನ ರಸಸೂತ್ರವನ್ನು ವ್ಯಾಖ್ಯಾನಿಸಿದ ಶ್ರೀಶಂಕುಕನು ಇದಕ್ಕೆ ಚಿತ್ರತುರಗನ್ಯಾಯವನ್ನು ಹೇಳಿದನು. ‘ಇವನೇ ರಾಮ’ ಎಂಬ ಸಮ್ಯಗ್ಜ್ಞಾನವಲ್ಲ. ‘ರಾಮನೆಂದುಕೊಂಡೆ, ಅಲ್ಲ’ ಎಂಬ ಮಿಥ್ಯಾಜ್ಞಾನವಲ್ಲ. ‘ರಾಮನೋ ಅಲ್ಲವೋ’ ಎಂಬ ಸಂಶಯವಲ್ಲ. ‘ರಾಮನಂತಿರುವನು’ ಎಂಬ ಸಾದೃಶ್ಯಜ್ಞಾನವೂ ಅಲ್ಲ. ಬರೆದ ಕುದುರೆಯನ್ನು ಕಂಡು ಕುದುರೆಯೆನ್ನುವಂತಹ, ಈ ನಾಲ್ಕಕ್ಕೂ ಹೊರತಾದ ಒಂದು ಪ್ರತೀತಿ ಅದು. ಪುಷ್ಪಮಾಲಾ ಅವರ ಕೃತಿಗಳ ವೈಶಿಷ್ಟ್ಯವೇನೆಂದರೆ, ಇವರು ಅನುಕರಿಸುವುದು ಕುದುರೆಯನ್ನಲ್ಲ, ಬರೆದ ಕುದುರೆಯನ್ನು. ಅನುಕಾರ್ಯವೇ ಒಂದು ಚಿತ್ರ. ಆದುದರಿಂದ ಶಂಕುಕನು ಕಳೆದುಹಾಕಿದ ನಾಲ್ಕರಲ್ಲಿ ಕೊನೆಯದು, ಎಂದರೆ ಸಾದೃಶ್ಯಜ್ಞಾನವು, ಇಲ್ಲಿ ಹಿಂದಿರುಗಿ ಬಂದು ಗಟ್ಟಿಯಾಗಿ ಕುಳಿತುಬಿಡುವುದು. ‘ಇದು ಆ ಚಿತ್ರದಂತಿದೆ, ಆದರೆ ಇದು ಆಕೆ’ ಎಂಬ ಎರಡು ತುದಿಗಳೂ ಪ್ರೇಕ್ಷಕನ ಕಣ್ಣಿನಲ್ಲಿ ಬಿಡದೆ ನಿಲ್ಲುತ್ತವೆ. ಅಲಂಕಾರಶಾಸ್ತ್ರದ ಮಾತಿನಲ್ಲಿ ಹೇಳುವುದಾದರೆ ಇದು ರೂಪಕವಲ್ಲ, ಉಪಮೆ. ಅದರಲ್ಲಿಯೂ ವಾಚಕಶಬ್ದವು ಲೋಪವಾಗದ ಪೂರ್ಣೋಪಮೆ. ಸ್ವರೂಪವನ್ನು ಕಾಣಿಸುವುದಕ್ಕೆ ವೇಷವನ್ನು ಕಳಚಬೇಕೆಂಬ ಸಾಮಾನ್ಯ ನಂಬಿಕೆಯನ್ನು ಇವರು ಒಪ್ಪುವುದಿಲ್ಲ. ವೇಷಕ್ಕೂ ತೊಟ್ಟವಳಿಗೂ ನಡುವೆ ಉಳಿಯುವ ಆ ಸಂದಿಯಲ್ಲಿಯೇ ಸ್ವರೂಪವು ಸಿಕ್ಕುವುದೆಂಬುದು ಇವರ ಕೃತಿಗಳ ಪ್ರತಿಜ್ಞೆ.

ಈ ಪ್ರತಿಜ್ಞೆಯು ಮೊದಲು ಕಾಣಿಸಿಕೊಂಡುದು ೧೯೯೬ರಿಂದ ೧೯೯೮ರವರೆಗೆ ಮುಂಬಯಿಯಲ್ಲಿ ತೆಗೆದ ‘ಫ್ಯಾಂಟಮ್ ಲೇಡಿ ಅಥವಾ ಕಿಸ್ಮತ್’ ಎಂಬ ಚಿತ್ರಕಥೆಯಲ್ಲಿ. ಕಪ್ಪು ಬಿಳುಪಿನ ನಿಶ್ಚಲ ಚಿತ್ರಗಳ ಸರಣಿಯಾದ ಇದರಲ್ಲಿ ಮುಖವಾಡದ ಸಾಹಸಿಯೊಬ್ಬಳು ಕಳೆದುಹೋದ ತನ್ನ ಅವಳಿ ಸಹೋದರಿಯನ್ನು ಹುಡುಕುತ್ತಾಳೆ. ಇಬ್ಬರೂ ಪುಷ್ಪಮಾಲಾ ಅವರೇ. ೧೯೩೫ರ ‘ಹಂಟರ್‌ವಾಲಿ’ಯಿಂದ ಪ್ರಸಿದ್ಧಳಾದ ನಾಡಿಯಾಳ ನೆನಪು ಇದರ ಹಿಂದಿದೆ. ಕೃತಿಯು ಚೆಲುವಾದುದೇ, ಆದರೆ ಹಳೆಯ ಸಿನಿಮಾದ ಮೇಲಿನ ಪ್ರೀತಿಯು ವಿಚಾರವನ್ನು ಮೀರಿಹೋಗಿದೆ. ೧೯೯೭ರ ‘ಇಂಡಿಯನ್ ಲೇಡಿ’ ಎಂಬ ಅತಿ ಕಿರಿದಾದ ಚಲಚ್ಚಿತ್ರವು ಇದಕ್ಕಿಂತ ಬಿಗಿಯಾದುದು: ನಗರವನ್ನು ಬರೆದ ಪರದೆಯ ಮುಂದೆ ಸೀರೆಯುಟ್ಟ ಹೆಂಗಸೊಬ್ಬಳು ಕುಣಿಯುತ್ತ ಬರುತ್ತಾಳೆ, ಹೋಗುತ್ತಾಳೆ. ಅಷ್ಟೇ. ‘ಭಾರತೀಯ ಮಹಿಳೆ’ಯೆಂಬ ದೊಡ್ಡ ಮಾತಿಗೆ ಅಷ್ಟು ಚಿಕ್ಕ ಉತ್ತರವನ್ನು ಕೊಟ್ಟುದರಲ್ಲಿಯೇ ಅದರ ಚುರುಕು ಇದೆ.

ಇವರ ಹೆಸರಿನೊಡನೆ ಸದಾ ಸೇರಿ ಬರುವ ಕೃತಿಯು ‘ದಕ್ಷಿಣ ಭಾರತದ ದೇಶೀಯ ಸ್ತ್ರೀಯರು: ಆಚಾರ ವ್ಯವಹಾರಗಳು’ ಎಂದು ಕನ್ನಡಿಸಬಹುದಾದ ಚಿತ್ರಮಾಲೆ. ಬೆಂಗಳೂರಿನಲ್ಲಿ ನೆಲೆಸಿರುವ ಬ್ರಿಟಿಷ್ ಛಾಯಾಗ್ರಾಹಕಿ ಕ್ಲೇರ್ ಆರ್ನಿ ಅವರೊಡನೆ ೨೦೦೦ದಿಂದ ೨೦೦೪ರವರೆಗೆ ಇದನ್ನು ರಚಿಸಲಾಯಿತು. ಶೀರ್ಷಿಕೆಯೇ ವಸಾಹತುಕಾಲದ ಜನಾಂಗವರ್ಣನೆಯ ಗ್ರಂಥಗಳ ವೇಷವನ್ನು ತೊಟ್ಟಿದೆ. ದಕ್ಷಿಣದ ಸ್ತ್ರೀಯು ಹೀಗಿರುವಳೆಂದು ಹೇಳುತ್ತ ಬಂದ ಹತ್ತು ಮೂಲಚಿತ್ರಗಳನ್ನು ಆಯ್ದುಕೊಂಡು, ಅವುಗಳನ್ನು ಪರದೆ, ಆಭರಣ, ಬೆಳಕುಗಳೊಡನೆ ಮತ್ತೆ ಕಟ್ಟಿ, ಆ ಸ್ತ್ರೀಯರ ಸ್ಥಾನದಲ್ಲಿ ಕಲಾವಿದೆಯು ನಿಂತಿದ್ದಾರೆ. ರವಿವರ್ಮನ ಬೆಳದಿಂಗಳ ಹೆಣ್ಣು, ಕೆರೆಯಿಂದ ನೀರು ತರುವ ಹೆಣ್ಣು ಮತ್ತು ಲಕ್ಷ್ಮಿ, ದಖ್ಖಣದ ಸೂಕ್ಷ್ಮಚಿತ್ರದ ಯೋಗಿನಿ, ವೇಲಾಂಕಣ್ಣಿಯ ಮಾತೆ, ನೀಲಗಿರಿಯ ತೋಡ ಸ್ತ್ರೀ, ಸರ್ಕಸ್ಸಿನ ಹೆಣ್ಣು, ವೃತ್ತಪತ್ರಿಕೆಯಲ್ಲಿ ಅಚ್ಚಾದ ಅಪರಾಧಿ ಸ್ತ್ರೀಯರು, ತಮಿಳು ಸಿನಿಮಾದಲ್ಲಿ ಚಾವಟಿ ಹಿಡಿದ ನಾಯಿಕೆ, ೧೯೯೦ರ ದಶಕದ ಕನ್ನಡ ಸಿನಿಮಾದ ಸರಸದ ದೃಶ್ಯ. ದೇವತೆಯೂ ಬಂಧಿತಳೂ ಒಂದೇ ಮುಖವನ್ನು ಹೊತ್ತು ಪಕ್ಕಪಕ್ಕದಲ್ಲಿ ನಿಲ್ಲುವುದರಿಂದ, ಗೌರವಕ್ಕೂ ಅವಮಾನಕ್ಕೂ ಭಂಗಿಯೇ ಎಷ್ಟರಮಟ್ಟಿಗೆ ಕಾರಣವೆಂಬುದು ಯಾವ ವ್ಯಾಖ್ಯಾನವೂ ಇಲ್ಲದೆ ಹೊಳೆಯುತ್ತದೆ.

ಬೆಳದಿಂಗಳ ಹೆಣ್ಣಿನ ಚಿತ್ರದಲ್ಲಿ ಕೊಂಚ ನಿಲ್ಲಬೇಕು. ರವಿವರ್ಮನು ೧೮೮೯ರಲ್ಲಿ ಇದನ್ನು ತೈಲವರ್ಣದಲ್ಲಿ ಬರೆದನು. ಆತನ ಚಿತ್ರಗಳು ೧೮೯೦ರ ದಶಕದಲ್ಲಿ ಮುದ್ರಣಯಂತ್ರಕ್ಕೆ ಸಿಕ್ಕಿದ ಮೇಲೆ ಮನೆಮನೆಯ ಗೋಡೆಗೆ ಬಂದವು. ಗೋಡೆಯಿಂದ ನಾಟಕಕಂಪೆನಿಗಳ ಪರದೆಗೆ, ಪರದೆಯಿಂದ ಸಿನಿಮಾಕ್ಕೆ ಇಳಿದವು. ಆತನ ಹೆಸರು ಒಬ್ಬ ಚಿತ್ರಕಾರನದಾಗಿ ಉಳಿಯದೆ ಒಂದು ಮಾದರಿಯ ಹೆಸರಾಯಿತು. ಮೈಸೂರಿನ ಜಗನ್ಮೋಹನ ಅರಮನೆಯಲ್ಲಿ ದೀಪ ಹಿಡಿದು ನಿಂತ ಹೆಣ್ಣಿನ ಚಿತ್ರವನ್ನು ನೋಡಲು ಬರುವವರಲ್ಲಿ ಎಷ್ಟೋ ಮಂದಿ ಅದನ್ನು ರವಿವರ್ಮನದೆಂದೇ ತಿಳಿದು ಹೋಗುತ್ತಾರೆ. ಅದನ್ನು ಬರೆದವರು ಎಸ್. ಎಲ್. ಹಲ್ದಣಕರ್ ಅವರು, ಬರೆದುದೂ ಜಲವರ್ಣದಲ್ಲಿ. ಇಂತಹ ಮಾದರಿಯೊಳಗೆ ಪುಷ್ಪಮಾಲಾ ಅವರು ಪ್ರವೇಶಿಸಿದಾಗ ಆಗುವುದೇನು? ಸೀರೆಯ ಮಡಿಕೆಯು ಸರಿಯಾಗಿದೆ, ಕುಳಿತ ಭಂಗಿಯೂ ಸರಿಯಾಗಿದೆ. ಆದರೆ ತೈಲವರ್ಣವು ಮೈಗೆ ಕೊಡುತ್ತಿದ್ದ ಮೃದುತ್ವವನ್ನು ಛಾಯಾಗ್ರಾಹಕಯಂತ್ರವು ಕೊಡಲೊಲ್ಲದು. ಬೆಳದಿಂಗಳು ದೀಪದ ಬೆಳಕೆಂದು ತಿಳಿದುಬಿಡುತ್ತದೆ. ಹಿಂದಿನ ನೀರು ಪರದೆಯೆಂದು ತಿಳಿದುಬಿಡುತ್ತದೆ. ವಿರಹಿಣಿಯ ಸ್ಥಾನದಲ್ಲಿ, ಹೇಳಿದಂತೆ ಕುಳಿತಿರುವುದರ ಶ್ರಮವನ್ನು ಬಲ್ಲ ಪ್ರೌಢ ಸ್ತ್ರೀಯೊಬ್ಬಳು ಕಾಣಿಸುತ್ತಾಳೆ. ರವಿವರ್ಮನಿಗಾಗಿ ಗಂಟೆಗಟ್ಟಲೆ ಕುಳಿತ ಹೆಣ್ಣುಮಕ್ಕಳ ಆಯಾಸವು ಮೂಲದಲ್ಲಿ ಬಣ್ಣದಡಿ ಮುಚ್ಚಿಹೋಗಿತ್ತು. ಅದು ಇಲ್ಲಿ ಮೇಲೆ ಬಂದಿದೆ.

ಈ ಕೃತಿಯನ್ನು ಅಮೆರಿಕದ ಸಿಂಡಿ ಶೆರ್ಮನ್ ಅವರು ೧೯೭೭ರಿಂದ ೧೯೮೦ರವರೆಗೆ ರಚಿಸಿದ ಹೆಸರಿಲ್ಲದ ಸಿನಿಮಾಚಿತ್ರಗಳೊಡನೆ ಹೋಲಿಸುವುದು ವಿಮರ್ಶಕರಲ್ಲಿ ರೂಢಿಯಾಗಿದೆ. ಹೋಲಿಕೆಯು ಮೇಲುನೋಟದ್ದು. ಶೆರ್ಮನ್ ಅವರ ಚಿತ್ರಗಳಿಗೆ ನಿರ್ದಿಷ್ಟವಾದ ಮೂಲವಿಲ್ಲ; ಎಲ್ಲಿಯೋ ಕಂಡ ಸಿನಿಮಾವೊಂದರ ನೆರಳು ಮಾತ್ರ ಅಲ್ಲಿದೆ. ಪುಷ್ಪಮಾಲಾ ಅವರ ಈ ಮಾಲೆಯಲ್ಲಿ ಮೂಲವುಂಟು, ಕಾಲವುಂಟು, ಮೂಲಕ್ಕೆ ಒಬ್ಬ ಕರ್ತೃವೋ ಒಂದು ಆಡಳಿತವೋ ಉಂಟು. ಮೇಲಾಗಿ ಶೆರ್ಮನ್ ಅವರು ಬಹುತೇಕ ಒಬ್ಬರೇ ಕೆಲಸ ಮಾಡುವವರು. ಇವರಾದರೋ ಚಿತ್ರವನ್ನು ಕಟ್ಟುತ್ತಿರುವ ಸಹಾಯಕರು, ಅರ್ಧ ತೊಟ್ಟ ವೇಷ, ದೀಪದ ಕಂಬಗಳು ಇವೆಲ್ಲವನ್ನೂ ಚಿತ್ರಿಸಿ, ಅದನ್ನೂ ಮಾಲೆಯ ಒಂದು ಭಾಗವಾಗಿಯೇ ಪ್ರದರ್ಶಿಸಿದರು. ಯಕ್ಷಗಾನದ ಚೌಕಿಯನ್ನೇ ತೆಗೆದು ರಂಗಸ್ಥಳದಲ್ಲಿ ಇರಿಸಿದಂತೆ ಇದು. ಹಗಲುವೇಷವೆಂಬ ಮಾತು ಎಲ್ಲಕ್ಕಿಂತ ಹೆಚ್ಚಾಗಿ ಸಲ್ಲುವುದು ಈ ಭಾಗಕ್ಕೆ.

ಆದರೆ ಇಲ್ಲಿ ಒಂದು ಆಕ್ಷೇಪವನ್ನು ಎದುರಿಸದೆ ಮುಂದೆ ಹೋಗುವಂತಿಲ್ಲ. ೧೮೬೯ರಲ್ಲಿ ಜಾನ್ ಲ್ಯಾಂಪ್ರಿ ಎಂಬಾತನು ಮನುಷ್ಯದೇಹಗಳನ್ನು ಅಳೆಯುವುದಕ್ಕಾಗಿ ಚೌಕಳಿ ಹಾಕಿದ ಪರದೆಯ ಮುಂದೆ ಜನರನ್ನು ನಿಲ್ಲಿಸಿ ಚಿತ್ರ ತೆಗೆಯುವ ಕ್ರಮವನ್ನು ಪ್ರಕಟಿಸಿದನು. ೧೮೯೦ರ ದಶಕದಲ್ಲಿ ಎಂ. ವಿ. ಪೋರ್ಟ್‌ಮನ್ ಎಂಬ ಅಧಿಕಾರಿಯು ಅಂಡಮಾನಿನ ಜನರನ್ನು ಹಾಗೆಯೇ ಚಿತ್ರಿಸಿದನು. ಪುಷ್ಪಮಾಲಾ ಅವರು ಆ ಚೌಕಳಿ ಪರದೆಯನ್ನು ಮರಳಿ ತಂದು, ತಮ್ಮ ದೇಹವನ್ನು ಅದರ ಮುಂದೆ ಇರಿಸಿದರು. ತೋಡ ಸ್ತ್ರೀಯನ್ನು ಮಾತ್ರವಲ್ಲದೆ ಲಕ್ಷ್ಮಿಯೇ ಮೊದಲಾದವರನ್ನೂ ಅಳತೆಗೆ ಒಡ್ಡಿದರು. ದೇವತೆಯ ಮೂಗಿಗೆ ಅಳತೆಗೋಲು ಹಿಡಿದಾಗ ಶಾಸ್ತ್ರವೇ ನಗೆಗೀಡಾಗುವುದು ನಿಜ. ಆದರೆ ನಗರದಲ್ಲಿ ಓದಿ ಬೆಳೆದು, ತನ್ನ ಇಚ್ಛೆಯಿಂದ ಪರದೆಯ ಮುಂದೆ ನಿಂತು, ಕೆಲಸ ಮುಗಿದ ಮೇಲೆ ಬಣ್ಣ ತೊಳೆದುಕೊಂಡು ಹೊರಡಬಲ್ಲ ಕಲಾವಿದೆಯ ಸ್ಥಿತಿಗೂ, ಅಧಿಕಾರಿಯ ಅಪ್ಪಣೆಯಂತೆ ನಿಂತ ಸ್ತ್ರೀಯ ಸ್ಥಿತಿಗೂ ಸಾದೃಶ್ಯವುಂಟೆ? ಪೊಲೀಸರ ವಶದಲ್ಲಿರುವ ಹೆಂಗಸಿನ ಅವಮಾನವನ್ನು ಮತ್ತೊಬ್ಬರು ತೊಡಬಹುದೆ?

ಈ ಆಕ್ಷೇಪವನ್ನು ಕಲಾವಿದೆಯ ಹಾಸ್ಯಪ್ರಜ್ಞೆಯ ಹೆಸರಿನಲ್ಲಿ ತಳ್ಳಿಹಾಕುವುದು ನ್ಯಾಯವಲ್ಲ. ತೋಡ ಸ್ತ್ರೀಯ ಚಿತ್ರದಲ್ಲಿ ಅಳೆಯುವವನ ದೃಷ್ಟಿಯು ಬಯಲಾಗಿದೆ. ಅಳತೆಗೊಳಗಾದವಳ ಪಾಡು ಬಯಲಾಗಿಲ್ಲ. ಮೂಲಚಿತ್ರದಲ್ಲಿ ಆಕೆಗೆ ಹೆಸರಿರಲಿಲ್ಲ. ಮರುಚಿತ್ರದಲ್ಲಿಯೂ ‘ತೋಡ’ ಎಂಬ ಕುಲನಾಮವೇ ಉಳಿದಿದೆ, ಹೆಸರು ಬಂದುದು ಕಲಾವಿದೆಗೆ ಮಾತ್ರ. ಸಿನಿಮಾದ ನಾಯಿಕೆಯನ್ನೋ ರವಿವರ್ಮನ ವಿರಹಿಣಿಯನ್ನೋ ಅನುಕರಿಸುವಾಗ ಅನುಕಾರ್ಯವೂ ಒಂದು ವೇಷವೇ ಆಗಿರುವುದರಿಂದ ಬಾಧಕವಿಲ್ಲ. ಅಲ್ಲಿ ವೇಷದ ಮೇಲೆ ವೇಷ ಬೀಳುತ್ತದೆ. ತೋಡ ಸ್ತ್ರೀಯಾಗಲಿ, ಬಂಧಿತಳಾಗಲಿ ವೇಷ ಕಟ್ಟಿಕೊಂಡು ನಿಂತವರಲ್ಲ. ಅವರನ್ನು ಹಿಡಿದು ನಿಲ್ಲಿಸಲಾಗಿತ್ತು. ಈ ಭೇದವನ್ನು ಚಿತ್ರಮಾಲೆಯು ಸಾಕಷ್ಟು ಗಮನಿಸಿಲ್ಲವೆಂದೇ ಹೇಳಬೇಕಾಗಿದೆ. ಹತ್ತನ್ನೂ ಒಂದೇ ಸಾಲಿನಲ್ಲಿ ಇರಿಸಿದುದು ಅದರ ಬಲವೂ ಹೌದು, ದೋಷವೂ ಹೌದು.

ಹೀಗಿರಲು ಪುಷ್ಪಮಾಲಾ ಅವರ ಚಲಚ್ಚಿತ್ರಗಳ ಕಡೆಗೆ ವಿಮರ್ಶೆಯು ಹೆಚ್ಚು ಗಮನ ಕೊಡಬೇಕಾದುದು ಅವಶ್ಯ. ನಿಶ್ಚಲ ಚಿತ್ರಗಳ ಖ್ಯಾತಿಯಲ್ಲಿ ಇವು ಹಿಂದೆ ಬಿದ್ದಿವೆ. ನಿಶ್ಚಲ ಚಿತ್ರದಲ್ಲಿ ಭಂಗಿಯು ಶಾಶ್ವತ; ಚಲಚ್ಚಿತ್ರದಲ್ಲಿ ಭಂಗಿಯನ್ನು ಕಾಪಾಡಿಕೊಳ್ಳಬೇಕು, ಅದು ಜಾರುತ್ತದೆ, ಮತ್ತೆ ಹಿಡಿಯಬೇಕಾಗುತ್ತದೆ. ‘ಪ್ಯಾರಿಸ್ ಆಟಮ್’ (೨೦೦೬) ಎಂಬ ಸುಮಾರು ಮೂವತ್ತೈದು ನಿಮಿಷಗಳ ಚಿತ್ರವಂತೂ ಈ ಎರಡರ ನಡುವಿನದು. ಕ್ರಿಸ್ ಮಾರ್ಕರ್ ಅವರ ೧೯೬೨ರ ‘ಲಾ ಜೆಟೆ’ಯಂತೆ ಇದನ್ನೂ ನಿಶ್ಚಲ ಚಿತ್ರಗಳಿಂದ ಜೋಡಿಸಲಾಗಿದೆ. ಪ್ಯಾರಿಸ್ಸಿಗೆ ಬಂದ ಭಾರತೀಯ ಕಲಾವಿದೆಯನ್ನು ನಾಲ್ಕನೆಯ ಹೆನ್ರಿ ದೊರೆಯ ಪ್ರೇಯಸಿಯಾಗಿ ೧೫೯೯ರಲ್ಲಿ ತೀರಿಕೊಂಡ ಗಾಬ್ರಿಯೆಲ್ ದೆಸ್ತ್ರೆಯ ನೆನಪು ಕಾಡುತ್ತದೆ. ಹೊರಗೆ ೨೦೦೫ರ ದಂಗೆಗಳ ಕಾಲ. ಇಲ್ಲಿ ಕಲಾವಿದೆಯು ತೊಟ್ಟಿರುವ ವೇಷ ತನ್ನದೇ: ಪರದೇಶದಲ್ಲಿರುವ ಕಲಾವಿದೆಯ ವೇಷ. ಒಂದು ಕಾಲದಲ್ಲಿ ಯುರೋಪಿನ ಪ್ರವಾಸಿಗಳು ನಮ್ಮ ನಾಡಿನ ಹಾಳುಗುಡಿಗಳಲ್ಲಿ ಭೂತಪ್ರೇತಗಳನ್ನು ಕಂಡು ಗ್ರಂಥಗಳನ್ನು ಬರೆದರು. ಇದು ಆ ಪ್ರವಾಸದ ಮರುಪಯಣವೆನ್ನಬಹುದು. ಚಿತ್ರವು ಮಾತ್ರ ಕೊಂಚ ದೀರ್ಘವಾಯಿತು.

‘ರಾಷ್ಟ್ರೀಯ್ ಖೀರ್ ಮತ್ತು ದೇಶೀಯ್ ಸಲಾಡ್’ (೨೦೦೪) ಇದಕ್ಕಿಂತ ಮೇಲಾದುದು. ಹನ್ನೊಂದು ನಿಮಿಷಗಳ ಕಪ್ಪು ಬಿಳುಪಿನ ಚಿತ್ರ. ಸ್ವಾತಂತ್ರ್ಯಾನಂತರದ ಮೊದಲ ದಶಕಗಳ ಆದರ್ಶ ಕುಟುಂಬವೊಂದು ಇದರ ವಸ್ತು: ಸೈನ್ಯದಲ್ಲಿರುವ ತಂದೆ, ಗೃಹಿಣಿಯಾದ ತಾಯಿ, ಶಾಲೆಗೆ ಹೋಗುವ ಮಗ. ಆ ಕಾಲದ ಮನೆಯ ಟಿಪ್ಪಣಿಪುಸ್ತಕಗಳಲ್ಲಿ ಬರೆದಿಟ್ಟ ಪಾಕವಿಧಿಗಳು ಚಿತ್ರಕ್ಕೆ ಆಕರ. ಅವು ಶಾಲೆಯ ಪಾಠದಂತೆ ಕರಿಹಲಗೆಯ ಮೇಲೆ ಬರುತ್ತವೆ. ಪಾಯಸಕ್ಕೆ ‘ರಾಷ್ಟ್ರೀಯ’ ಎಂಬ ವಿಶೇಷಣವೂ, ಹಸಿ ತರಕಾರಿಯ ಕೋಸಂಬರಿಯಂತಹ ತಿನಿಸಿಗೆ ‘ದೇಶೀಯ’ ಎಂಬ ವಿಶೇಷಣವೂ ಅಂಟಿಕೊಂಡ ಒಂದು ಕಾಲವಿತ್ತು. ಆ ವಿಶೇಷಣಗಳನ್ನು ಬರೆದವರು ಮಂತ್ರಿಗಳಲ್ಲ, ಮನೆಯ ಹೆಂಗಸರು. ರಾಷ್ಟ್ರವನ್ನು ಕಟ್ಟುವ ಕಾರ್ಯದಲ್ಲಿ ತಮ್ಮ ಪಾಲನ್ನು ಅವರು ಒಲೆಯ ಮುಂದೆ ಹುಡುಕಿಕೊಂಡರು. ಇದರಲ್ಲಿ ನಗೆಯೂ ಇದೆ, ಕರುಣೆಯೂ ಇದೆ. ನಗೆಯು ಕರುಣೆಯನ್ನು ಕೆಡಿಸದಂತೆ ಕಾಯ್ದುಕೊಂಡುದು ಈ ಚಿತ್ರದ ಸಾಧನೆ. ‘ದೇಶೀಯ ಸ್ತ್ರೀಯರು’ ಮಾಲೆಯಲ್ಲಿ ಮೂಲಚಿತ್ರವು ಪರರ ಕಣ್ಣಿನಿಂದ ಬಂದಿತ್ತು. ಇಲ್ಲಿಯ ಮೂಲವು ಆ ಸ್ತ್ರೀಯರ ಕೈಬರಹ.

ಚಿತ್ರಪಟದಿಂದ ಪಾಕವಿಧಿಗೆ ಆದ ಈ ತಿರುವು ಅಲ್ಪವಾದುದಲ್ಲ. ಚಿತ್ರವನ್ನು ಅನುಕರಿಸಿದಾಗ ಮೂಲಕ್ಕೂ ಪ್ರತಿಗೂ ನಡುವೆ ಹೆಚ್ಚು ಕಡಮೆಯ ಸಂಬಂಧವು ಬಂದೇ ಬರುತ್ತದೆ. ಪಾಕವಿಧಿಯ ಸ್ವಭಾವವೇ ಬೇರೆ. ಅದನ್ನು ಬರೆದುದೇ ಇನ್ನೊಬ್ಬರು ಮಾಡಲೆಂದು. ಮತ್ತೊಬ್ಬಳ ಅಡುಗೆಯನ್ನು ಮಾಡಿದವಳು ಆಕೆಯ ವೇಷವನ್ನು ತೊಟ್ಟಂತಾಗುವುದಿಲ್ಲ, ಆಕೆಯನ್ನು ಅಣಕಿಸಿದಂತೆಯೂ ಆಗುವುದಿಲ್ಲ. ಆಕೆ ಕರೆದಲ್ಲಿಗೆ ಹೋದಂತೆ ಆಗುವುದು. ‘ತೋಡ’ ಚಿತ್ರದ ಮುಂದೆ ಎದ್ದ ಆಕ್ಷೇಪಕ್ಕೆ ಇಲ್ಲಿ ಎಡೆಯಿಲ್ಲ.

ಈ ತಿರುವಿನ ಕೊನೆಯಲ್ಲಿ ನಿಂತಿರುವುದು ‘ಗೌರಿ ಲಂಕೇಶರ ಅರ್ಜೆಂಟ್ ಸಾರು’ (೨೦೧೮) ಎಂಬ ಕಿರುಚಿತ್ರ. ಪತ್ರಕರ್ತೆ ಗೌರಿ ಲಂಕೇಶ್ ಅವರನ್ನು ೨೦೧೭ರ ಸೆಪ್ಟೆಂಬರ್ ೫ರ ರಾತ್ರಿ ಬೆಂಗಳೂರಿನ ಪಶ್ಚಿಮಭಾಗದಲ್ಲಿ, ಕೆಂಗೇರಿಯ ಕಡೆಗಿರುವ ರಾಜರಾಜೇಶ್ವರಿನಗರದಲ್ಲಿ, ಅವರ ಮನೆಯ ಮುಂದೆಯೇ ಗುಂಡಿಕ್ಕಿ ಕೊಲ್ಲಲಾಯಿತು. ತಂದೆ ಪಿ. ಲಂಕೇಶರು ೨೦೦೦ದಲ್ಲಿ ತೀರಿಕೊಂಡ ಬಳಿಕ ಅವರ ಪತ್ರಿಕೆಯ ಸಂಪಾದಕಿಯಾಗಿ, ೨೦೦೫ರಿಂದ ತಮ್ಮ ಹೆಸರಿನದೇ ಪತ್ರಿಕೆಯನ್ನು ನಡೆಸುತ್ತ ಬಂದವರು ಗೌರಿ. ಮರಣಾನಂತರ ಅವರ ಮುಖವು ಭಿತ್ತಿಪತ್ರಗಳಲ್ಲಿಯೂ ಫಲಕಗಳಲ್ಲಿಯೂ ದೇಶಾದ್ಯಂತ ಕಾಣಿಸಿಕೊಂಡಿತು. ‘ನಾನೂ ಗೌರಿ’ ಎಂದು ಬರೆದ ಫಲಕಗಳನ್ನು ಹಿಡಿದು ಜನರು ಬೀದಿಗೆ ಬಂದರು. ಅನ್ಯಸ್ತ್ರೀಯರ ಮುಖಗಳನ್ನು ತೊಡುವುದರಲ್ಲಿ ಇಪ್ಪತ್ತು ವರ್ಷಗಳ ಪರಿಣತಿಯಿದ್ದ ಪುಷ್ಪಮಾಲಾ ಅವರಿಗೆ ಆ ಮುಖವನ್ನೂ ತೊಡುವುದು ಕಷ್ಟವಾಗಿರಲಿಲ್ಲ. ಅವರು ತೊಡಲಿಲ್ಲ. ಗೌರಿಯವರು ಬರೆದಿದ್ದ ಒಂದು ಸಾರಿನ ವಿಧಿಯನ್ನು ಆಯ್ದುಕೊಂಡು, ಅದರಂತೆ ಸಾರು ಮಾಡಿದರು.

ಕಲಾವಿದೆಯ ಕೃತಿಗಳಲ್ಲಿ ಇದಕ್ಕಿಂತ ಸರಳವಾದ ಕಾರ್ಯವಿಲ್ಲ. ಇದಕ್ಕಿಂತ ಸಂಯಮದ ಕಾರ್ಯವೂ ಇಲ್ಲ. ‘ಅರ್ಜೆಂಟ್’ ಎಂಬ ಮಾತು ಕನ್ನಡದ ಅಡುಗೆಮನೆಗೆ ಬಂದು ಬಹುಕಾಲವಾಯಿತು. ಹೊರಗಿನ ಕೆಲಸದಿಂದ ತಡವಾಗಿ ಮನೆಗೆ ಬಂದವಳು ಕೈಗೆ ಸಿಕ್ಕಿದುದರಿಂದ ಬೇಗಬೇಗನೆ ಮಾಡಿಕೊಳ್ಳುವ ಅಡುಗೆಯ ಚಿತ್ರವು ಆ ಒಂದು ಮಾತಿನಲ್ಲಿದೆ; ಒಬ್ಬಂಟಿಯಾಗಿ ಬಾಳಿ ಪತ್ರಿಕೆ ನಡೆಸಿದ ಹೆಣ್ಣಿನ ದಿನಚರಿಯು ಅದರಲ್ಲಿ ತಾನಾಗಿಯೇ ಬಂದು ಸೇರುವುದು. ಇನ್ನು ‘ಸಾರು’ ಎಂಬ ಶಬ್ದ. ನಾಮಪದವಾಗಿ ಅದು ಅನ್ನಕ್ಕೆ ಕಲಸುವ ಪದಾರ್ಥ; ಕ್ರಿಯಾಪದವಾಗಿ ಡಂಗುರ ಸಾರು ಎಂಬಲ್ಲಿಯಂತೆ, ಎಲ್ಲರಿಗೂ ಕೇಳುವಂತೆ ಹೇಳು ಎಂದು ಅರ್ಥ. ಕಲಾವಿದೆಯು ಈ ಶ್ಲೇಷವನ್ನು ಉದ್ದೇಶಿಸಿರಲಿ, ಇಲ್ಲದಿರಲಿ, ಕನ್ನಡವನ್ನು ಬಲ್ಲ ಪ್ರೇಕ್ಷಕನಿಗೆ ಅದು ಕೇಳಿಸದೆ ಹೋಗುವುದಿಲ್ಲ. ಪತ್ರಕರ್ತೆಯೊಬ್ಬಳ ಹೆಸರಿನ ಮುಂದೆ ತುರ್ತಾಗಿ ಸಾರು ಎಂಬ ವಿಧಿಯು ನಿಂತಿದೆ. ಅನುವಾದದಲ್ಲಿ ಈ ಚಿತ್ರವನ್ನು ನೋಡುವವರಿಗೆ ದೊರೆಯುವುದು ಅಡುಗೆಯೊಂದೇ.

ಸಾತ್ತ್ವಿಕಾಭಿನಯದಲ್ಲಿ ಅಂತರಂಗವಿದೆ, ಆಹಾರ್ಯದಲ್ಲಿ ಬಹಿರಂಗ ಮಾತ್ರವಿದೆ ಎಂಬ ವಿಭಾಗವನ್ನು ಪುಷ್ಪಮಾಲಾ ಅವರು ಮೊದಲಿನಿಂದಲೂ ಒಪ್ಪದೆ, ಆಹಾರ್ಯದಿಂದಲೇ ಎಲ್ಲವನ್ನೂ ಸಾಧಿಸಲು ಹೊರಟವರು. ಈ ಚಿತ್ರದಲ್ಲಿ ಆಹಾರ್ಯವೆಂಬ ಶಬ್ದವು ಆಹಾರಕ್ಕೆ ಎಷ್ಟು ಸಮೀಪವಾದುದೆಂಬುದು ನೆನಪಿಗೆ ಬಂದರೆ ಅದು ಕೇವಲ ಶಬ್ದಚಮತ್ಕಾರವಲ್ಲ. ಎರಡೂ ತರುವುದೆಂಬ ಅರ್ಥದ ಒಂದೇ ಧಾತುವಿನಿಂದ ಬಂದವು. ನಟನು ಹೊರಗಿನಿಂದ ತಂದುಕೊಂಡುದು ಆಹಾರ್ಯ. ಒಳಗೆ ತಂದುಕೊಂಡುದು ಆಹಾರ. ಚೌಕಳಿ ಪರದೆಯ ಮುಂದೆ ನಿಂತ ತೋಡ ಸ್ತ್ರೀಯ ಹೆಸರು ಮೂಲಚಿತ್ರದಲ್ಲಿಯೂ ಇಲ್ಲ, ಅದರ ಮರುಚಿತ್ರದಲ್ಲಿಯೂ ಇಲ್ಲ. ಸಾರಿನ ಚಿತ್ರಕ್ಕೆ ಶೀರ್ಷಿಕೆಯನ್ನು ಕೊಡುವಾಗ ಕಲಾವಿದೆಯು ಮೊದಲು ಬರೆದುದು ಆ ಸಾರನ್ನು ಬರೆದಿಟ್ಟವಳ ಹೆಸರನ್ನು.